ಆಸಾಡಿಯಲ್ಲಿ ಕುರ್ಚಿ ಏರದ ನೌಕರನ ಪೂರ್ವಾನ್ವಯ ಬಡ್ತಿಯ ಬಗ್ಗೆ

ಸಂಖ್ಯೆ: ಸಿಬ್ಬಂದಿ/ಕುಂದಾ/ಬಡ್ತಿ/ವಿವಾದ-1/97-98/ಭಾಗ-7
(ಭಾಗ 3 ಮತ್ತು 4ನ್ನು ಗೆದ್ದಲು ತಿಂದಿರುತ್ತದೆ)

ವಿಭಾಗ ಕಚೇರಿ, ಕುಂದಾಪುರ
(ಇಲಾಖೆಯ ಹೆಸರಿನ ಫಲಕ ಕಳೆದ ಮಳೆಗಾಲದಲ್ಲಿ ಬಿದ್ದಿರುವುದರಿಂದ ಹೆಸರನ್ನು ನಮೂದಿಸಿರುವುದಿಲ್ಲ)

ದಿನಾಂಕ: 30-03-2010

ಸುತ್ತೋಲೆ

ವಿಷಯ: ಶ್ರೀ ಕುಷ್ಟ, ದ್ವಿತೀಯ ದರ್ಜೆ ಸಹಾಯಕರು, ಇವರು 1997ರಿಂದಲೇ ಪ್ರಥಮ ದರ್ಜೆ ಸಹಾಯಕರಾಗಿದ್ದರೆಂದು ಎಲ್ಲರೂ ಭಾವಿಸುವ ಬಗ್ಗೆ ಹಾಗೂ ಬಾಕಿ ವೇತನವನ್ನು ಆದಷ್ಟು ಕೊಡದಿರುವ ಬಗ್ಗೆ.

ಉಲ್ಲೇಖ:
1) ಬಡ್ತಿ ಆದೇಶ, ದಿನಾಂಕ 21-07-1997.
2) ಶ್ರೀ ಕುಷ್ಟ ಅವರ ಮನವಿಗಳು, ಒಟ್ಟು ಹನ್ನೊಂದು.
3) ಸದರಿ ಮನವಿಗಳನ್ನು ತಿರಸ್ಕರಿಸಿದ ಈ ಕಚೇರಿಯ ಪತ್ರಗಳು, ಒಟ್ಟು ಹನ್ನೊಂದು.
4) ಮಾನ್ಯ ನ್ಯಾಯಮಂಡಳಿಯ ಆದೇಶ, ದಿನಾಂಕ 12-11-2009. (ನಾಲ್ಕು ತಿಂಗಳು ಓದಿಯೂ ಅರ್ಥವಾಗದ್ದು.)
5) ನ್ಯಾಯಾಂಗ ನಿಂದನೆಯ ನೋಟಿಸು, ದಿನಾಂಕ 15-03-2010. (ಓದುವ ಮೊದಲೇ ಅರ್ಥವಾದದ್ದು.)

ಪ್ರಸ್ತಾವನೆ:

ಕುಂದಾಪುರ, ಬೈಂದೂರು ಮತ್ತು ಬ್ರಹ್ಮಾವರ ಕಚೇರಿಗಳ ಸಮಸ್ತ ಸಿಬ್ಬಂದಿಯ ಗಮನಕ್ಕೆ ಈ ಮೂಲಕ ತರಲಾಗುವುದೇನೆಂದರೆ, ಹಟ್ಟಿಯಂಗಡಿಯ ಶ್ರೀ ಕುಷ್ಟ ಇವರು 1976ರಿಂದ ಈ ಇಲಾಖೆಯಲ್ಲಿ ಗುಮಾಸ್ತಿಕೆ ಮಾಡಿಕೊಂಡಿದ್ದು, ನಾಳೆ ಸಂಜೆ ಐದೂವರೆಗೆ ನಿವೃತ್ತರಾಗಲಿದ್ದಾರೆ. ಇವರಿಗೆ 21-07-1997ರಂದು ಪ್ರಥಮ ದರ್ಜೆಗೆ ಬಡ್ತಿ ಆದೇಶ ಬಂದಿತ್ತು. ಹದಿನೈದು ದಿನದೊಳಗೆ ಹೊಸ ಹುದ್ದೆಗೆ ಹಾಜರಾಗಬೇಕೆಂದು ಅದರಲ್ಲಿ ಸ್ಪಷ್ಟವಾಗಿ ಬರೆದಿತ್ತು. ದುರದೃಷ್ಟವಶಾತ್ ಆ ಹದಿನೈದು ದಿನಗಳೂ ಆಸಾಡಿ ತಿಂಗಳಿನಲ್ಲಿ ಬಿದ್ದವು. ಆಸಾಡಿಯಲ್ಲಿ ಈ ಸೀಮೆಯವರು ಮದುವೆ ಮಾಡುವುದಿಲ್ಲ, ಹೊಸ ಮನೆ ಹೊಗುವುದಿಲ್ಲ, ಹೊಸ ಕೆಲಸಕ್ಕೆ ಕೈ ಹಾಕುವುದಿಲ್ಲ. ಇದು ಸೇವಾ ನಿಯಮಾವಳಿಯಲ್ಲಿ ಎಲ್ಲಿಯೂ ಇಲ್ಲ, ಆದರೆ ನಿಯಮಾವಳಿ ಬರೆದವರು ಕುಂದಾಪುರದವರಾಗಿರಲಿಲ್ಲ.

ಅಂದಿನ ಕಚೇರಿ ಅಧೀಕ್ಷಕರಾದ ಶ್ರೀ ಗೋವರ್ಧನ ಇವರು ಆದೇಶವನ್ನು ಕುಷ್ಟ ಅವರ ಕೈಯಿಂದ ಮೆಲ್ಲಗೆ ತೆಗೆದುಕೊಂಡು, ತಮ್ಮ ಮೇಜಿನ ಡ್ರಾಯರಿನಲ್ಲಿ ಪಂಚಾಂಗದ ಅಡಿಗೆ ಇಟ್ಟು, ಈ ಕೆಳಕಂಡಂತೆ ಮೌಖಿಕ ಸೂಚನೆ ನೀಡಿದ್ದು ಕಡತದಲ್ಲಿದೆ: "ಹ್ವಾಯ್ ಕುಷ್ಟ, ಆಸಾಡಿಯಂಗ್ ಯಾರಾರೂ ಹೊಸ ಕುರ್ಚಿಯಂಗ್ ಕೂಕಂತ್ರಾ? ಸೋಣಿ ಬಪ್ಪುಕೆ ಎಷ್ಟ್ ದಿನ ಇತ್ತ್? ಕುರ್ಚಿ ಎಂತ ಓಡಿ ಹೋತಿಲ್ಲ."

ಕುರ್ಚಿ ಓಡಿ ಹೋಗಲಿಲ್ಲ. ಆದರೆ ಆಗಸ್ಟ್ 6ರಂದು, ಗಡುವು ಮುಗಿದ ಮರುದಿನ, ಶ್ರೀ ಕುಷ್ಟ ಬಡ್ತಿಯನ್ನು ಬೇಡವೆಂದಿದ್ದಾರೆಂದು ಮೇಲಿನ ಕಚೇರಿ ತೀರ್ಮಾನಿಸಿತು. ಅವರಿಗಿಂತ ಒಂಬತ್ತು ವರ್ಷ ಕಿರಿಯರಾದ ಸಾಲಿಗ್ರಾಮದ ಶ್ರೀ ಯೋಗೀಶ್ ಅವರಿಗೆ ಫ್ಯಾಕ್ಸ್ ಬಂತು. ಅವರು ಅಂದೇ ಬೆಳಿಗ್ಗೆ ಹನ್ನೊಂದು ಗಂಟೆಯೊಳಗೆ ಕುರ್ಚಿಯಲ್ಲಿದ್ದರು. ಹದಿನೆಂಟನೇ ತಾರೀಕು, ಆಸಾಡಿ ಮುಗಿದು ಸೋಣಿ ತಿಂಗಳು ಹುಟ್ಟುವ ಸಂಕ್ರಾಂತಿಯ ಮರುದಿನ, ಶ್ರೀ ಕುಷ್ಟ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಹಣೆಗೆ ದೇವಸ್ಥಾನದ ಗಂಧ ಇಟ್ಟು, ಹಾಜರಿ ವರದಿಯನ್ನು ಎರಡು ಪ್ರತಿಗಳಲ್ಲಿ ಹಿಡಿದು ಬಂದಾಗ ಕೂರಲು ಜಾಗವಿರಲಿಲ್ಲ. ಅವರ ಸೇವಾ ವಹಿಯಲ್ಲಿ ಅಂದಿನಿಂದ ಒಂದು ಸಾಲು ಇದೆ: "ಬಡ್ತಿಯನ್ನು ನಿರಾಕರಿಸಿದ್ದಾರೆ."

ಹನ್ನೆರಡು ವರ್ಷ ಅಲೆದ ಮೇಲೆ ನ್ಯಾಯಮಂಡಳಿಯು, ಶ್ರೀ ಕುಷ್ಟ ಅವರನ್ನು 21-07-1997ರಿಂದಲೇ ಬಡ್ತಿ ಹೊಂದಿದವರೆಂದು ಪರಿಗಣಿಸಿ ಎಲ್ಲ ಸೌಲಭ್ಯಗಳನ್ನು 31-03-2010ರೊಳಗೆ ನೀಡಬೇಕೆಂದು ಆದೇಶಿಸಿದೆ. ನಾಳೆಯೊಳಗೆ ಇದು ಇತ್ಯರ್ಥವಾಗದಿದ್ದಲ್ಲಿ ಕಡತವು 'ನಿವೃತ್ತರ ಅಹವಾಲು' ಎಂಬ ಕಪಾಟಿಗೆ ಹೋಗುತ್ತದೆ. ಆ ಕಪಾಟಿನ ಬೀಗದ ಕೈ 2004ರಿಂದ ಸಿಕ್ಕಿರುವುದಿಲ್ಲ. ಆದ್ದರಿಂದ ಎಲ್ಲ ಸಿಬ್ಬಂದಿಯೂ ಈ ಕೆಳಕಂಡ ಕಲಂಗಳನ್ನು ಚಾಚೂ ತಪ್ಪದೆ ಪಾಲಿಸತಕ್ಕದ್ದು.

ಕಲಂ 1. ನಂಬಿಕೆ

ಮೂರೂ ಕಚೇರಿಗಳ ನೌಕರರು ಶ್ರೀ ಕುಷ್ಟ ಅವರನ್ನು ಹಿಂದಿನಿಂದಲೇ ಪ್ರಥಮ ದರ್ಜೆಯವರೆಂದು ನಂಬತಕ್ಕದ್ದು. ನಂಬಿಕೆಯು 21-07-1997ರ ಪೂರ್ವಾಹ್ನದಿಂದ ಜಾರಿಗೆ ಬರತಕ್ಕದ್ದು. ಆ ದಿನ ಇನ್ನೂ ಸೇವೆಗೆ ಸೇರಿರದವರು ಸೇರಿದ ದಿನದಿಂದ ನಂಬಿದರೆ ಸಾಕು. ನಂಬಲು ಆಗದವರು ಸರಕಾರಿ ವೈದ್ಯರಿಂದ ಪ್ರಮಾಣಪತ್ರ ತರತಕ್ಕದ್ದು.

ಕಲಂ 2. ಕುರ್ಚಿ

ಈ ಇಲಾಖೆಯಲ್ಲಿ ಪ್ರಥಮ ದರ್ಜೆಯವರ ಕುರ್ಚಿಗೆ ಕೈಗಳಿವೆ, ದ್ವಿತೀಯ ದರ್ಜೆಯವರದಕ್ಕೆ ಇಲ್ಲ. 1997ರಿಂದ ಶ್ರೀ ಯೋಗೀಶ್ ಕೂತಿದ್ದ ಕೈಯಿರುವ ಕುರ್ಚಿಯಲ್ಲೇ ಶ್ರೀ ಕುಷ್ಟ ಕೂಡ ಕೂತಿದ್ದರೆಂದು ಈಗ ಭಾವಿಸಬೇಕಾಗಿದೆ. ಒಂದೇ ಕುರ್ಚಿಯಲ್ಲಿ ಇಬ್ಬರು ಹನ್ನೆರಡು ವರ್ಷ ಕೂತದ್ದರಿಂದ ಕುರ್ಚಿಯ ಬೆತ್ತ ಹರಿದಿರುವುದು ಸಹಜವಾಗಿದ್ದು, ದುರಸ್ತಿಯ ಖರ್ಚನ್ನು ಇಬ್ಬರಿಂದಲೂ ಸಮನಾಗಿ ವಸೂಲು ಮಾಡತಕ್ಕದ್ದು. ಇಷ್ಟು ವರ್ಷ ಮೊಣಕೈಯನ್ನು ಗಾಳಿಯಲ್ಲಿ ಇಟ್ಟುಕೊಂಡದ್ದಕ್ಕೆ ಯಾವುದೇ ಭತ್ಯೆ ಇರುವುದಿಲ್ಲ.

ಗಡುವಿನ ಮರುದಿನವೇ, ಅದೂ ಆಸಾಡಿಯಲ್ಲಿ, ಕುರ್ಚಿಯಲ್ಲಿ ಕೂತದ್ದೇಕೆಂದು ಶ್ರೀ ಯೋಗೀಶ್ ಅವರಿಂದ ವಿವರಣೆ ಕೇಳಲಾಗಿದ್ದು, ಬಾಲ್ಯವನ್ನು ಮುಂಬೈಯಲ್ಲಿ ಕಳೆದ ಸದರಿಯವರು ಹೀಗೆ ತಿಳಿಸಿರುತ್ತಾರೆ: "ಮುಂಬೈಯಂಗೆ ಆಸಾಡಿ ಗೀಸಾಡಿ ಎಂತದೂ ಇಲ್ಲ ಮಾರಾಯ್ರೆ. ಲೋಕಲ್ ಟ್ರೈನಂಗೆ ಬೆಳ್ದವ ನಾನ್. ಖಾಲಿ ಸೀಟ್ ಕಂಡ್ರೆ ಕೂಕಂಬ್ದ್, ಯಾರ್ದ್ ಅಂತ ಕೇಂಬ್ದಲ್ಲ." ವಿವರಣೆಯನ್ನು ಒಪ್ಪಲಾಗಿದೆ.

ಕಲಂ 3. ಸಂಬೋಧನೆ

ಸದರಿ ಅವಧಿಯಲ್ಲಿ ಶ್ರೀ ಕುಷ್ಟ ಅವರನ್ನು "ಹ್ವಾಯ್ ಕುಷ್ಟ, ಇಲ್ಲ್ ಬಾ" ಎಂದು ಕರೆದವರೆಲ್ಲರೂ "ಕುಷ್ಟಣ್ಣ, ಒಂಚೂರ್ ಇಲ್ಲ್ ಬನಿ ಕಾಂಬ" ಎಂದು ಕರೆದಿದ್ದರೆಂದು ಪರಿಗಣಿಸಲಾಗುವುದು. ಪರಿಗಣನೆ ಮಾತ್ರ ಸಾಲದು, ಬಾಕಿ ಮರ್ಯಾದೆಯನ್ನು ಬಾಯಿಮಾತಿನಲ್ಲಿ ತೀರಿಸಬೇಕೆಂಬ ಅಭಿಪ್ರಾಯ ಬಂದದ್ದರಿಂದ, ಅಟೆಂಡರ್ ಶ್ರೀ ಬಚ್ಚ ಇವರನ್ನು ನಿನ್ನೆ ಪ್ರಾಯೋಗಿಕವಾಗಿ ನಿಲ್ಲಿಸಲಾಯಿತು. ದಿನಕ್ಕೆ ಮೂರು ಸಲದಂತೆ ಹನ್ನೆರಡು ವರ್ಷಕ್ಕೆ ಲೆಕ್ಕ ಹಾಕಿದಾಗ ಸುಮಾರು ಹತ್ತು ಸಾವಿರ ಸಂಬೋಧನೆಗಳು ಬಾಕಿ ಇದ್ದವು. ಶ್ರೀ ಬಚ್ಚ ನಲವತ್ತಮೂರನೆಯದಕ್ಕೆ ನಿಂತು, "ನಂಗೂ ಮೂವತ್ತ್ ವರ್ಷ ಆಯ್ತ್, ನನ್ನ್ ಯಾರ್ ಅಣ್ಣ ಅಂತ್ರ್ ಕಾಂಬ?" ಎಂದು ಕೇಳಿ ಹೊರನಡೆದರು. ಸದರಿ ಪ್ರಶ್ನೆಯನ್ನು ಪ್ರತ್ಯೇಕ ಕಡತದಲ್ಲಿ ಪರಿಶೀಲಿಸಲಾಗುತ್ತಿದೆ.

ಕಲಂ 4. ಚಹಾ

ಪ್ರಥಮ ದರ್ಜೆಯವರಿಗೆ ಚಹಾ ಮೇಜಿಗೆ ಬರುತ್ತದೆ. ದ್ವಿತೀಯ ದರ್ಜೆಯವರು ರಸ್ತೆ ದಾಟಿ ಶೇಖರನ ಹೋಟೆಲಿಗೆ ಹೋಗಬೇಕು. ಶ್ರೀ ಕುಷ್ಟ ದಿನಕ್ಕೆರಡು ಸಲ ಹೆದ್ದಾರಿ ದಾಟಿದ್ದು ಈಗ ದಾಟದಂತಾಗಿದ್ದು, 2006ರಲ್ಲಿ ದಾಟುವಾಗ ಸ್ಕೂಟರ್ ತಾಗಿ ಅವರ ಕಾಲು ಮುರಿದದ್ದೂ ಮುರಿಯದಂತಾಗಿದೆ. ಆದ್ದರಿಂದ ಆಗ ಪಡೆದ ಒಂದೂವರೆ ತಿಂಗಳ ವೈದ್ಯಕೀಯ ರಜೆಯನ್ನು ರದ್ದುಪಡಿಸಿ, ಅಷ್ಟೂ ದಿನ ಅನಧಿಕೃತ ಗೈರುಹಾಜರಿ ಎಂದು ದಾಖಲಿಸತಕ್ಕದ್ದು. ಕಾಲು ಕುಂಟುತ್ತಿರುವುದನ್ನು ವೈಯಕ್ತಿಕ ಶೈಲಿ ಎಂದು ಪರಿಗಣಿಸಲಾಗುವುದು.

ಕಲಂ 5. ಹಳೆಯ ಮೆಮೊಗಳು

2001ರಲ್ಲಿ ನೆರೆ ಬಂದು ಬಸ್ಸು ನಿಂತ ದಿನ ತಡವಾಗಿ ಬಂದದ್ದಕ್ಕೆ ದ್ವಿತೀಯ ದರ್ಜೆಯ ಶ್ರೀ ಕುಷ್ಟ ಅವರಿಗೆ ಮೆಮೊ ನೀಡಲಾಗಿತ್ತು. ಅಂತಹ ದ್ವಿತೀಯ ದರ್ಜೆಯ ವ್ಯಕ್ತಿ ಆಗ ಇರಲೇ ಇಲ್ಲವೆಂದು ಈಗ ತಿಳಿದುಬಂದಿರುವುದರಿಂದ ಮೆಮೊ ಹಿಂಪಡೆಯಲಾಗಿದೆ. ಅದೇ ದಿನ ಅಷ್ಟೇ ತಡವಾಗಿ ಬಂದ ಪ್ರಥಮ ದರ್ಜೆಯ ಶ್ರೀ ಕುಷ್ಟ ಅವರಿಗೆ, ಜವಾಬ್ದಾರಿಯುತ ಹುದ್ದೆಯಲ್ಲಿದ್ದೂ ತಡ ಮಾಡಿದ್ದಕ್ಕಾಗಿ, ಇದಕ್ಕಿಂತ ಖಾರವಾದ ಮೆಮೊ ನೀಡತಕ್ಕದ್ದು.

ಕಲಂ 6. ವಿಚಾರಣೆ

ಆಸಾಡಿ ಎಂಬುದು ಬಡ್ತಿಗೆ ಹಾಜರಾಗದಿರಲು ಸಕಾರಣವೇ ಎಂದು ತೀರ್ಮಾನಿಸಲು 2003ರಲ್ಲಿ ವಿಚಾರಣಾಧಿಕಾರಿಯನ್ನು ನೇಮಿಸಲಾಗಿತ್ತು. ವಿಚಾರಣೆಯನ್ನು ಜುಲೈ 28ಕ್ಕೆ ಇಡಲಾಗಿದ್ದು, ವಿಚಾರಣಾಧಿಕಾರಿಯವರು ಆ ತಿಂಗಳಲ್ಲಿ ಹೊಸ ಕೆಲಸ ಶುರು ಮಾಡುವ ಪದ್ಧತಿ ತಮ್ಮ ಮನೆಯಲ್ಲಿಲ್ಲವೆಂದು ತಿಳಿಸಿ ಆಗಸ್ಟ್ 20ಕ್ಕೆ ಮುಂದೂಡಿದರು. ಸೋಣಿ ಬಂದ ಮೇಲೆ ಸಂಪೂರ್ಣ ವಿಚಾರಣೆ ನಡೆಸಿ, ಆಸಾಡಿಯ ನೆಪ ಹೇಳಿ ಸರಕಾರಿ ಕೆಲಸ ಮುಂದೂಡುವುದು ಅಕ್ಷಮ್ಯವೆಂದು ವರದಿ ಕೊಟ್ಟರು. ಮುಂದೂಡಿದ ದಿನಗಳ ಪ್ರಯಾಣ ಭತ್ಯೆಯನ್ನೂ ಪಡೆದರು. ಈ ಎರಡು ಸಂಗತಿಗಳ ನಡುವೆ ಯಾವ ಸಂಬಂಧವೂ ಇಲಾಖೆಗೆ ಕಂಡುಬಂದಿರುವುದಿಲ್ಲ.

ಶ್ರೀ ಗೋವರ್ಧನ ಇವರು ನಿವೃತ್ತರಾಗಿ ಅಮಾಸೆಬೈಲಿನಲ್ಲಿದ್ದು, ವಿಚಾರಣೆಗೆ ಬಂದು ಹೇಳಿದ್ದು ಇಷ್ಟೇ: "ನಾನ್ ಹೇಳದ್ದ್ ಹೌದ್. ಅವ ಪಾಪ ನನ್ನ್ ಮಾತ್ ಕೇಂಡ. ತಪ್ಪ್ ನಂದ್, ಬರ್ಕಣಿ." ಸಾಕ್ಷಿಯು ಬರೆದುಕೊಳ್ಳಲು ಹೇಳಿದ್ದರಿಂದಲೇ ವಿಚಾರಣಾಧಿಕಾರಿಗೆ ಆಜ್ಞೆ ಮಾಡಿದಂತಾಯಿತೆಂದು ಬರೆದುಕೊಂಡಿರುವುದಿಲ್ಲ. ಬಾಗಿಲಲ್ಲಿ ನಿಂತಿದ್ದ ಶ್ರೀ ಕುಷ್ಟ ಕೇಳಿಸಿಕೊಂಡಿದ್ದಾರೆ. ಆ ಹಿರಿಯರ ಮೇಲೆ ಅವರಿಗಿದ್ದ ಸಿಟ್ಟು ಅಂದೇ ಇಳಿದುಹೋಯಿತು. ಇಲಾಖೆಯ ಮೇಲಿನದು ಇಳಿದಿಲ್ಲ.

ಕಲಂ 7. ಕೆಲಸವಿಲ್ಲದೆ ವೇತನವಿಲ್ಲ

ಮೇಲಿನ ಹುದ್ದೆಯ ಕೆಲಸ ಮಾಡದವರಿಗೆ ಮೇಲಿನ ಹುದ್ದೆಯ ಸಂಬಳವಿಲ್ಲವೆಂಬುದು ಇಲಾಖೆಯ ಗಟ್ಟಿ ನಿಲುವು. ಪ್ರಥಮ ದರ್ಜೆಯವರ ಮುಖ್ಯ ಕೆಲಸವು ಪತ್ರ ಮತ್ತು ಟಿಪ್ಪಣಿಗಳ ಕರಡು ಬರೆಯುವುದು. ಹನ್ನೆರಡು ವರ್ಷಗಳ ಕರಡುಗಳನ್ನು ತೆಗೆಸಿ ನೋಡಲಾಗಿ, ಪ್ರತಿಯೊಂದೂ ಶ್ರೀ ಕುಷ್ಟ ಅವರ ಕೈಬರಹದಲ್ಲಿದ್ದು, ಅಡಿಯಲ್ಲಿ ಶ್ರೀ ಯೋಗೀಶ್ ಅವರ ಸಹಿ ಮಾತ್ರ ಇರುವುದು ಕಂಡುಬಂದು ಇಲಾಖೆಗೆ ಇರಿಸುಮುರಿಸಾಗಿದೆ. ಕಳೆದ ತಿಂಗಳು ಬ್ರಹ್ಮಾವರಕ್ಕೆ ಅಧೀಕ್ಷಕರಾಗಿ ಹೋಗಿ, ಕರಡುಗಳನ್ನು ಈಗಲೂ ಇಲ್ಲಿಂದಲೇ ಬರೆಸಿಕೊಳ್ಳುತ್ತಿರುವ ಶ್ರೀ ಯೋಗೀಶ್ ಅವರನ್ನು ದೂರವಾಣಿಯಲ್ಲಿ ವಿಚಾರಿಸಿದಾಗ, "ನಂಗೆ ಬರಿಯುಕೆ ಗೊತ್ತಿದ್ರೆ ಇಷ್ಟ್ ವರ್ಷ ಕುಷ್ಟಣ್ಣನ್ ಹತ್ರ ಬರ್ಸ್ತಿದ್ನಾ?" ಎಂದು ಮರುಪ್ರಶ್ನೆ ಹಾಕಿದರು.

ಮುಂದುವರಿದು, ಉಲ್ಲೇಖ 3ರ ಹನ್ನೊಂದು ತಿರಸ್ಕಾರ ಪತ್ರಗಳು, ಅಂದರೆ ಶ್ರೀ ಕುಷ್ಟ ಅವರ ಮನವಿಗಳನ್ನು ವಜಾ ಮಾಡಿದ ಪತ್ರಗಳು ಕೂಡ, ಶ್ರೀ ಕುಷ್ಟ ಅವರೇ ಬರೆದವು. ಮನವಿ ಟಪ್ಪಾಲಿನಲ್ಲಿ ಬರುತ್ತಿತ್ತು, "ಸೂಕ್ತ ಉತ್ತರ ಬರೆದು ಮಂಡಿಸಿ" ಎಂಬ ಷರಾ ಬೀಳುತ್ತಿತ್ತು, ಕಡತ ಇಳಿದಿಳಿದು ಬರೆಯಬಲ್ಲ ಒಬ್ಬನೇ ಮನುಷ್ಯನ ಮೇಜಿಗೆ ಬರುತ್ತಿತ್ತು. ಶ್ರೀ ಕುಷ್ಟ ಕೆಲಸಕ್ಕೆ ಮೋಸ ಮಾಡಿದವರಲ್ಲ. ತಮ್ಮ ಮನವಿಯನ್ನು ತಾವೇ ಕಂಡಿಕೆ ಕಂಡಿಕೆಯಾಗಿ ಖಂಡಿಸಿ, ಉತ್ತರವನ್ನು ರಿಜಿಸ್ಟರ್ ಅಂಚೆಯಲ್ಲಿ ತಮಗೆ ತಾವೇ ಕಳಿಸಿ, ಮನೆಗೆ ಹೋಗಿ ಸಹಿ ಹಾಕಿ ಬಿಡಿಸಿಕೊಳ್ಳುತ್ತಿದ್ದರು. ಐದನೆಯ ಪತ್ರದ ವಾದ ಎಷ್ಟು ಬಲವಾಗಿತ್ತೆಂದರೆ, ಓದಿದ ಮೇಲೆ ಅವರಿಗೇ ತಮ್ಮ ಕಡೆ ನ್ಯಾಯವಿಲ್ಲವೆಂದು ಅನಿಸಿ ಎರಡು ದಿನ ಊಟ ಸೇರಿರಲಿಲ್ಲ.

ಇದರಿಂದ ಸದರಿಯವರು ಮೇಲಿನ ಹುದ್ದೆಯ ಕೆಲಸ ಮಾಡಿದ್ದಾರೆಂದು ಸಾಬೀತಾಗುವ ಅಪಾಯವಿದ್ದು, ಅದನ್ನು ಹವ್ಯಾಸವೆಂದು ಪರಿಗಣಿಸಲು ತೀರ್ಮಾನಿಸಲಾಗಿದೆ. ಹವ್ಯಾಸಕ್ಕೆ ಪೂರ್ವಾನುಮತಿ ಪಡೆಯದಿರುವ ಬಗ್ಗೆ ಕಾರಣ ಕೇಳತಕ್ಕದ್ದು.

ಕಲಂ 8. ಕಾಲ್ಪನಿಕ ವೇತನ

ಬಡ್ತಿಯು ಕಾಲ್ಪನಿಕವಾದದ್ದರಿಂದ ಬಾಕಿ ವೇತನವೂ ಕಾಲ್ಪನಿಕವಾಗಿರತಕ್ಕದ್ದು. ಸದರಿ ಮೊತ್ತವು ತಮಗೆ ಪ್ರತಿ ತಿಂಗಳೂ ಬಂದಿತ್ತೆಂದೂ, ಬಂದದ್ದು ಖರ್ಚಾಗಿತ್ತೆಂದೂ ಶ್ರೀ ಕುಷ್ಟ ಅವರು ಕಲ್ಪಿಸಿಕೊಳ್ಳತಕ್ಕದ್ದು. ಕಲ್ಪನೆಯ ಮೇಲಿನ ಆದಾಯ ತೆರಿಗೆಯನ್ನು ಮಾತ್ರ ನಗದಾಗಿ ಕಟ್ಟತಕ್ಕದ್ದು.

ಕಲಂ 9. ಕುಟುಂಬದವರ ಭೇಟಿ

ದಿನಾಂಕ 26ರಂದು ಶ್ರೀ ಕುಷ್ಟ ಅವರ ಪತ್ನಿ ಶ್ರೀಮತಿ ಚಂದ್ರಮತಿ ಇವರು ಸಂದರ್ಶನದ ವೇಳೆಯಲ್ಲದ ವೇಳೆಯಲ್ಲಿ ಅಧಿಕಾರಿಯವರ ಕೊಠಡಿಗೆ ಬಂದು, ಕೂರಲು ಹೇಳುವ ಮೊದಲೇ ಕೂತು, ಈ ರೀತಿ ಹೇಳಿಕೆ ನೀಡಿದ್ದಾರೆ:

"ಬಡ್ತಿ ಸಿಕ್ಕಿತ್ ಅಂದ್ಕಂಡ್ ನಾನ್ ಆವತ್ತ್ ಪಾಯ್ಸ ಮಾಡಿ ಕೇರಿಗೆಲ್ಲ ಕೊಟ್ಟಿದ್ದೆ. ಆಮೇಲ್ ಊರವ್ರ್ ಎಂತ ಅಂದ್ರ್ ಗೊತ್ತಿತ್ತಾ? ಕುಷ್ಟನಿಗ್ ದೊಡ್ಡ್ ಕೆಲ್ಸ ಅಂದ್ರೆ ಹೆದ್ರಿಕಿ, ಅದ್ಕೆ ಬ್ಯಾಡ ಅಂದದ್ದ್ ಅಂಬ್ರ್. ಹನ್ನೆರ್ಡ್ ವರ್ಷ ಇವ್ರ್ ತಲಿ ತಗ್ಗ್ಸ್ಕಂಡ್ ಹೋಯಿ ಬಂದ್ರ್. ದುಡ್ಡ್ ಕೊಡೂದಾರೆ ಕೊಡಿ, ನಮ್ ಬೆವ್ರಿಂದ್ ಅದ್. ಆರೆ ಮೊದ್ಲ್ ಇವ್ರ್ ಬ್ಯಾಡ ಅಂದದ್ದಲ್ಲ ಅಂತ ಒಂದ್ ಸಾಲ್ ಬರ್ದ್ ಕೊಡಿ."

ಅಧಿಕಾರಿಯವರು ಬಯಲುಸೀಮೆಯವರಾಗಿದ್ದು ಹೇಳಿಕೆಯ ಅರ್ಧ ಭಾಗ ಅರ್ಥವಾಗಿರುವುದಿಲ್ಲ. ಅರ್ಥವಾದ ಅರ್ಧಕ್ಕೆ, "ನಮೂದಿಸಿ, ಕ್ರಮ ಬೇಡ" ಎಂದು ಆದೇಶಿಸಿದ್ದಾರೆ. ಅದರಂತೆ ನಮೂದಿಸಲಾಗಿದೆ. ಗೋಡೆಯ ಆಚೆ ಕೂತಿದ್ದ ಶ್ರೀ ಕುಷ್ಟ ಅವರಿಗೆ ಹೇಳಿಕೆ ಪೂರ್ತಿಯಾಗಿ ಕೇಳಿಸಿದೆ. ಹೆಂಡತಿ ಇಷ್ಟನ್ನು ಇಷ್ಟು ವರ್ಷ ತಮ್ಮೆದುರು ಆಡಿರಲಿಲ್ಲವೆಂದು ಅವರಿಗೆ ಸಂಕಟವಾಯಿತು.

ಕಲಂ 10. ಈ ಸುತ್ತೋಲೆಯ ಕರಡು

ಆರ್ಥಿಕ ವರ್ಷದ ಕೊನೆಯಾದ್ದರಿಂದ ಕಚೇರಿಯ ಎಲ್ಲರೂ ಬಿಲ್ಲುಗಳಲ್ಲಿ ಮುಳುಗಿದ್ದಾರೆ. ಸುತ್ತೋಲೆ ಬರೆಯಲು ಬರುವವರು ಮೂರೂ ಕಚೇರಿಗಳಲ್ಲಿ ಒಬ್ಬರೇ ಇದ್ದು, ಅವರ ಹೆಸರು ಕುಷ್ಟ. ಆದ್ದರಿಂದ ಶ್ರೀ ಕುಷ್ಟ ಅವರ ಕುರಿತ ಈ ಸುತ್ತೋಲೆಯ ಕರಡನ್ನು ಶ್ರೀ ಕುಷ್ಟ ಅವರೇ ತಯಾರಿಸಬೇಕೆಂದು ಇಂದು ಬೆಳಿಗ್ಗೆ ಸೂಚಿಸಲಾಗಿದೆ. ಕಲಂ 1ರಿಂದ 9ರ ಸಾರಾಂಶವನ್ನು ಅಧಿಕಾರಿಯವರು ಬಾಯಲ್ಲಿ ಹೇಳಿ, ಕೊನೆಗೆ ಕೊಟ್ಟ ಸೂಚನೆ ಇದು: "ಉದ್ದವಾಗಿ ಬರೀರಿ, ತೂಕ ಇರಲಿ. ಆಮೇಲೆ ಕೊನೇಲಿ ಮಾಮೂಲಿ ಏನು ಬರೀತೀರೋ ಅದನ್ನ ಬರೆದುಬಿಡಿ. ಸಂಜೆ ಸಹಿ ಮಾಡ್ತೀನಿ."

ಮಾರ್ಚ್ 30ರ ಸಂಜೆ ಅಧಿಕಾರಿಯವರ ಮುಂದೆ ಇನ್ನೂರ ಹದಿನಾಲ್ಕು ಕಾಗದಗಳಿರುತ್ತವೆ. ಯಾವುದರಲ್ಲಿ ಎಲ್ಲಿ ಸಹಿ ಮಾಡಬೇಕೆಂದು ಪೆನ್ಸಿಲಿನಲ್ಲಿ ಗುರುತು ಹಾಕಿಡುವುದು ಗುಮಾಸ್ತರ ಕೆಲಸ, ಗುರುತು ಕಂಡಲ್ಲಿ ಪೆನ್ನು ಊರುವುದು ಅಧಿಕಾರಿಯ ಕೆಲಸ. ಮೊದಲ ಪುಟಕ್ಕೆ ಕನ್ನಡಕ, ಎರಡನೆಯದಕ್ಕೆ ಆಕಳಿಕೆ, ಮೂರನೆಯದಕ್ಕೆ ಸಹಿ. ಮೂವತ್ತನಾಲ್ಕು ವರ್ಷಗಳಲ್ಲಿ ಶ್ರೀ ಕುಷ್ಟ ಹದಿನೇಳು ಅಧಿಕಾರಿಗಳನ್ನು ಕಂಡಿದ್ದು, 'ಮುಂದುವರಿದು' ಎಂಬ ಶಬ್ದದಿಂದ ಮುಂದೆ ಓದಿದವರು ಒಬ್ಬರೂ ಇಲ್ಲ. ಸದರಿ ಶಬ್ದವು ಕಲಂ 7ರಲ್ಲೇ ಬಂದುಹೋಗಿದೆ.

ಮೇಲಿನವರ ಮಾತಿಗೆ ಶ್ರೀ ಕುಷ್ಟ ಎಂದೂ ಎದುರಾಡಿದವರಲ್ಲ. ಮಾಮೂಲಿ ಏನಿರುತ್ತದೋ ಅದನ್ನು ಬರೆಯಲು ಹೇಳಿದ್ದಾರೆ, ಬರೆಯಲಾಗಿದೆ. ಬಡ್ತಿಯ ಕಡತದ ಕೊನೆಯಲ್ಲಿ ಮಾಮೂಲಾಗಿ ಇರಬೇಕಾದದ್ದು ಆದೇಶ.

ಕಲಂ 11. ಆದೇಶ

ಮೇಲ್ಕಂಡ ಕಲಂಗಳಲ್ಲಿ ಏನೇ ಹೇಳಿದ್ದರೂ, ಈ ಮೂಲಕ ಆದೇಶಿಸಲಾಗಿದೆ:

(ಅ) ಶ್ರೀ ಕುಷ್ಟ ಅವರು ಬಡ್ತಿಯನ್ನು ಬೇಡವೆಂದಿರಲಿಲ್ಲ.

(ಆ) ಸೇವಾ ವಹಿಯಲ್ಲಿರುವ ಇದಕ್ಕೆ ವಿರುದ್ಧವಾದ ನಮೂದನ್ನು ರದ್ದುಪಡಿಸಿದೆ.

(ಇ) 21-07-1997ರಿಂದ ಇಂದಿನವರೆಗಿನ ವೇತನ ವ್ಯತ್ಯಾಸವನ್ನು ಪೂರ್ತಿಯಾಗಿ, ಕಲ್ಪನೆಯಲ್ಲಿ ಅಲ್ಲದೆ ಚೆಕ್ಕಿನಲ್ಲಿ, ಪಾವತಿಸಲು ಮಂಜೂರಾತಿ ನೀಡಿದೆ. ನಿವೃತ್ತಿ ವೇತನವನ್ನು ಪ್ರಥಮ ದರ್ಜೆಯ ಸಂಬಳದ ಮೇಲೆ ನಿಗದಿಪಡಿಸತಕ್ಕದ್ದು.

(ಈ) ಬಿಲ್ಲು ಲಗತ್ತಿಸಿದೆ. ಅದರ ಮೇಲೂ ಪೆನ್ಸಿಲ್ ಗುರುತು ಹಾಕಿದೆ. ಶ್ರೀ ಬಚ್ಚ ಅವರು ನಾಳೆ ಬೆಳಿಗ್ಗೆ ಹತ್ತಕ್ಕೆ ಇದನ್ನು ಖಜಾನೆಗೆ ಮುಟ್ಟಿಸತಕ್ಕದ್ದು. ದಾರಿಯಲ್ಲಿ ಚಹಾಕ್ಕೆ ನಿಲ್ಲಕೂಡದು.

(ಉ) ಈ ಕಲಮನ್ನು ಹನ್ನೆರಡು ವರ್ಷ ಕಾದು ಹತ್ತು ನಿಮಿಷದಲ್ಲಿ ಬರೆಯಲಾಗಿದೆ. ಅಕ್ಷರ ವಕ್ರವಾದಲ್ಲಿ ನೆಟ್ಟಗೆ ಓದಿಕೊಳ್ಳತಕ್ಕದ್ದು.

(ಸಹಿ ಮಾಡಲಾಗಿದೆ)
ವಿಭಾಗಾಧಿಕಾರಿ, ಕುಂದಾಪುರ
30-03-2010, ಸಂಜೆ 6.40

ಕರಡು: ಕುಷ್ಟ, ಪ್ರಥಮ ದರ್ಜೆ ಸಹಾಯಕ

ಪ್ರತಿಗಳು:

1. ಖಜಾನಾಧಿಕಾರಿಯವರಿಗೆ, ಕಲಂ 11ನ್ನು ಮಾತ್ರ ಓದಿ ಹಣ ಬಿಡುಗಡೆ ಮಾಡುವ ಕೋರಿಕೆಯೊಂದಿಗೆ.
2. ಮಾನ್ಯ ನ್ಯಾಯಮಂಡಳಿಗೆ, ಆದೇಶ ಪಾಲಿಸಲಾಗಿದೆಯೆಂದು ತಿಳಿಸುತ್ತ. ಹೇಗೆ ಪಾಲನೆಯಾಯಿತೆಂದು ವಿಚಾರಿಸದಿರಲು ವಿನಂತಿ.
3. ಶ್ರೀ ಯೋಗೀಶ್, ಅಧೀಕ್ಷಕರು, ಬ್ರಹ್ಮಾವರ ಇವರಿಗೆ. ಏಪ್ರಿಲ್ ಒಂದರಿಂದ ಕರಡುಗಳನ್ನು ತಾವೇ ಬರೆದುಕೊಳ್ಳತಕ್ಕದ್ದು.
4. ಬೈಂದೂರು ಕಚೇರಿಗೆ, ಹಿಂಬದಿ ಖಾಲಿ ಇರುವುದರಿಂದ ಬಳಸಿಕೊಳ್ಳಲು.
5. ಶ್ರೀ ಗೋವರ್ಧನ, ನಿವೃತ್ತ ಅಧೀಕ್ಷಕರು, ಅಮಾಸೆಬೈಲು ಇವರಿಗೆ, ಮನಸ್ಸಿನ ಸಮಾಧಾನಕ್ಕಾಗಿ.
6. ಸಹಿ ಮಾಡಿದ ವಿಭಾಗಾಧಿಕಾರಿಯವರಿಗೆ, ಬಿಡುವಾದಾಗ ಓದಲು.
7. ಶ್ರೀಮತಿ ಚಂದ್ರಮತಿ, ಹಟ್ಟಿಯಂಗಡಿ ಇವರಿಗೆ. ಕಲಂ 11(ಅ)ವನ್ನು ಅಂಗಳದಲ್ಲಿ ನಿಂತು, ಕೇರಿಗೆಲ್ಲ ಕೇಳಿಸುವಷ್ಟು ಜೋರಾಗಿ ಓದತಕ್ಕದ್ದು.